ಅಜ್ಜಿಯ ಬೈಗುಳ ಯಾರ ಸ್ವತ್ತು?

ಬೆಂಗಳೂರಿನ ಅಂಚಿನ ಮಾಕಳಿಯಲ್ಲಿ ಯಾರ ಮನೆ ಮುಂದಾದರೂ ಕಾರು ನಿಂತರೆ ಜಮೀನು ಕೇಳೋಕೆ ಬಂದರು ಅಂತಲೇ ಬೀದಿ ಮಾತಾಡಿಕೊಳ್ಳುತ್ತದೆ. ಆದರೆ 2018ರ ಆ ಶುಕ್ರವಾರ ಮುನಿಕೃಷ್ಣಮ್ಮನ ಮನೆಗೆ ಬಂದವರಿಗೆ ಜಮೀನು ಬೇಕಿರಲಿಲ್ಲ. ಬೇಕಿದ್ದದ್ದು ಅವಳ ಬೈಗುಳ.

ಮುನಿಕೃಷ್ಣಮ್ಮನ ಮೊಮ್ಮಗ ಜಗನ್ ಒಂಬತ್ತನೇ ಕ್ಲಾಸಿಗೇ ಸ್ಕೂಲು ಬಿಟ್ಟವನು. ಮೂಗಿನ ತುದಿಯಲ್ಲೇ ಕೋಪ. ಯಾವ ಕೆಲಸಕ್ಕೆ ಸೇರಿದರೂ ಓನರ್ ಜೊತೆ ಜಗಳ ಆಡಿಕೊಂಡು ಮನೆಗೆ ಬರುತ್ತಿದ್ದ. ಅಜ್ಜಿ ಹಾಲು ಕರೆಯುತ್ತಲೇ ಅವನಿಗೆ ಮಂಗಳಾರತಿ ಎತ್ತುತ್ತಿದ್ದಳು. ಒಂದು ದಿನ ಅದನ್ನು ಫೋನಿನಲ್ಲಿ ಹಿಡಿದು ಯೂಟ್ಯೂಬಿಗೆ ಹಾಕಿದ. ‘ಅಜ್ಜಿ ಬೈತಾಳೆ’ ಅಂತ ಚಾನೆಲ್ಲಿಗೆ ಹೆಸರಿಟ್ಟ. ಊರು ಬಿಟ್ಟು ದೂರ ಇರುವವರೆಲ್ಲ ತಮ್ಮ ಮನೆಯ ಅಜ್ಜಿಯೇ ಬೈದಂತಾಯಿತು ಅಂತ ಬರೆಯತೊಡಗಿದರು. ಜಗನ್‌ಗೆ ಹುಟ್ಟಿದಾಗಿನಿಂದ ತನ್ನದು ಅಂತ ಹೇಳಿಕೊಳ್ಳಲು ಸಿಕ್ಕಿದ್ದು ಅದೊಂದೇ.

ಬಂದವನ ಹೆಸರು ಶಿವರಾಮ್. ಯಾವುದೋ ವಿಡಿಯೋ ಕಂಪನಿಯವನು. ತಟ್ಟೆಯಲ್ಲಿ ಸೀರೆ, ಹಣ್ಣು, ಎಲೆ ಅಡಿಕೆ ಇಟ್ಟು ಅಜ್ಜಿಯ ಮುಂದೆ ಹಿಡಿದ.

“ತಗೊಳ್ಳಿ ಅಜ್ಜಿ. ಇನ್ಮೇಲೆ ನೀವು ನಮ್ ಕಂಪನಿಗೇ ಅಜ್ಜಿ. ತಿಂಗಳು ತಿಂಗಳು ದುಡ್ಡು ಬರುತ್ತೆ.”

ಅಜ್ಜಿ ಸೆರಗಿಗೆ ಕೈ ಒರೆಸಿಕೊಂಡು ತಾಂಬೂಲ ತೆಗೆದುಕೊಂಡಳು. ಅವನು ಜಗನ್ ಕೈಗೆ ಒಂದು ಕಂತೆ ಇಂಗ್ಲಿಷ್ ಕಾಗದ ಕೊಟ್ಟ. “ಅರ್ಜೆಂಟೇನಿಲ್ಲ ಬ್ರದರ್. ನಾಳೆ ಬೆಳಿಗ್ಗೆ ಬರ್ತೀನಿ, ಸೈನ್ ಹಾಕಿಟ್ಟಿರಿ.”

ಸಂಜೆ ಹಾಲಿಗೆ ಬಂದ ನೂರ್‌ಜಹಾನ್ ಆ ಕಂತೆ ನೋಡಿದಳು. ಅವಳು ಪಕ್ಕದ ಬೀದಿಯವಳು. ಯಶವಂತಪುರದಲ್ಲಿ ವಕೀಲರೊಬ್ಬರ ಹತ್ತಿರ ಜೂನಿಯರ್.

“ಓದಿದ್ಯಾ ಜಗನ್?”

ಜಗನ್‌ನ ಕಿವಿ ಕೆಂಪಾಯಿತು. “ಓದಿದ್ರೆ ನಾನ್ಯಾಕಕ್ಕ ಇಲ್ಲಿರ್ತಿದ್ದೆ? ಬೇಕೂಂತ ಕೇಳ್ತೀಯಾ?”

“ಲೇ, ನಿನ್ ಸರ್ಟಿಫಿಕೇಟ್ ಯಾರ್ ಕೇಳಿದ್ರು? ಈ ಕಾಗದ ಓದಿದ್ಯಾ ಅಂದೆ.”

“ಓದಾದೇನೈತೆ ನೂರ್ಜಾ?” ಅಜ್ಜಿ ಹಾಲಿನ ಪಾತ್ರೆ ಇಟ್ಟು ಹೇಳಿದಳು. “ತಾಂಬೂಲ ಇಸ್ಕೊಂಡಾಯ್ತು. ಮಾತು ಕೊಟ್ಟಂಗೆ. ಈಗ ಕಾಗ್ದ ಕೆದಕ್ತಾ ಕೂತ್ರೆ ಮನೆಗ್ ಬಂದೋರಿಗೆ ಅವಮಾನ ಅಲ್ವಾ?”

ನೂರ್‌ಜಹಾನ್ ಜಗುಲಿಯ ಮೇಲೆ ಕುಳಿತು ಓದಿದಳು. ಓದುತ್ತಾ ಓದುತ್ತಾ ಅವಳ ಹುಬ್ಬು ಗಂಟಿಕ್ಕಿತು.

“ಅಜ್ಜಿ, ನೀವು ನಂಗೆ ಹಾಲು ಮಾರ್ತೀರಾ, ಹಸು ಮಾರ್ತೀರಾ?”

“ತಲೆ ಕೆಟ್ಟೈತೇನೇ? ಆಲು.”

“ಇವ್ರು ಹಸುನೇ ಕೇಳ್ತಿದಾರೆ. ಇನ್ಮುಂದೆ ಹುಟ್ಟೋ ಕರುನೂ ಸೇರಿಸಿ. ಇಲ್ಲೀವರ್ಗೂ ಮಾಡಿದ ವಿಡಿಯೋ, ಮುಂದೆ ಮಾಡೋ ವಿಡಿಯೋ, ಚಾನೆಲ್ ಹೆಸರು, ಪಾಸ್‌ವರ್ಡ್, ಎಲ್ಲಾ ಶಾಶ್ವತವಾಗಿ ಕಂಪನಿದು. ಅವ್ರಿಗೆ ಬೇಡ ಅಂದ್ರೆ ಒಂದು ತಿಂಗಳ ನೋಟಿಸ್ ಕೊಟ್ಟು ಬಿಟ್ಟೋಗ್ಬಹುದು. ನೀನು ಬಿಡೋ ಹಂಗಿಲ್ಲ ಜಗನ್. ಯಾರಾದ್ರೂ ಕೇಸ್ ಹಾಕಿದ್ರೆ ಮಾತ್ರ ಅದು ನಿನ್ನ ತಲೆಗೆ.”

ಜಗನ್ ಕಂತೆ ಕಿತ್ತುಕೊಂಡು ಹರಿಯಲು ಹೋದ. ಅವಳು ಕೈ ಹಿಡಿದಳು. “ಹರಿದ್ರೆ ಏನ್ ಬಂತು? ತಿದ್ದು ಅಂತ ಕೇಳು. ಕೇಳೋದು ನಿನ್ನ ಹಕ್ಕು.”

“ನೀನೇನಂದ್ರೂ ತಾಂಬೂಲ ಸುಳ್ಳಾಯ್ತದಾ?” ಅಜ್ಜಿ ಪಟ್ಟು ಬಿಡಲಿಲ್ಲ.

“ಮೋನಿಷಾ ನಿಶ್ಚಿತಾರ್ಥಕ್ಕೆ ನಾನೂ ಬಂದಿದ್ದೆ ಅಲ್ವಾ ಅಜ್ಜಿ? ಅವತ್ತು ಮೊದ್ಲು ತಾಂಬೂಲ ಬದಲಾಯಿಸಿದ್ರಾ, ಮೊದ್ಲು ಲಗ್ನಪತ್ರಿಕೆ ಓದಿದ್ರಾ?”

ಅಜ್ಜಿ ಜಗುಲಿಯ ಅಂಚಿಗೆ ಬಂದು ಕುಳಿತಳು. ಮೊಮ್ಮಗಳ ನಿಶ್ಚಿತಾರ್ಥ ಕಣ್ಣ ಮುಂದೆ ಬಂತು.

“ಓದಿದ್ ಮೇಲೆ ಕಣಮ್ಮ. ಐನೋರು ಎಲ್ರಿಗೂ ಕೇಳೋ ಅಂಗೆ ಓದ್ತಾರೆ. ಒಂದ್ ಎಸ್ರು ತಪ್ಪಿದ್ರೂ ಅಲ್ಲೇ ನಿಲ್ಸಿ ಕೇಳ್ತೀವಿ.” ಆಮೇಲೆ ಸೀರೆಯ ತಟ್ಟೆಯ ಕಡೆ ಕೈ ತೋರಿಸಿ ಅಂದಳು, “ಅಂಗಾದ್ರೆ ಆವಯ್ಯ ಓದ್ದೇನೇ ಕೊಟ್ಟವ್ನೆ. ಅದು ನೆಂಟ ತಂದ ಎಲೆ ಅಡಿಕೆ ಅಷ್ಟೇಯ. ಬರ್ಲಿ ನಾಳೆ.”

ಮರುದಿನ ಶಿವರಾಮ್ ಬಂದಾಗ ಜಗುಲಿಯಲ್ಲಿ ಚಾಪೆ ಹಾಸಿತ್ತು. ಅಕ್ಕಪಕ್ಕದವರೆಲ್ಲ ಕುಳಿತಿದ್ದರು.

“ಕೂತ್ಕೋ ಮಗ. ಕಾಪಿ ಕುಡಿ. ಆಮೇಲೆ ಅದನ್ನ ಕನ್ನಡದಾಗೆ ಓದು, ಎಲ್ಲಾ ಕೇಳ್ಲಿ” ಅಂದಳು ಅಜ್ಜಿ.

“ಅದೆಲ್ಲ ಸ್ಟ್ಯಾಂಡರ್ಡ್ ಅಜ್ಜಿ. ಎಲ್ರೂ ಸೈನ್ ಮಾಡ್ತಾರೆ.”

“ಎಲ್ರೂ ಲಗ್ನಪತ್ರಿಕೆನೂ ಬರೆಸ್ತಾರೆ. ಆದ್ರೂ ಓದ್ತೀವಿ. ಓದು.”

ಶಿವರಾಮ್ ಓದಿದ. ಮೊದಲು ಗಟ್ಟಿಯಾಗಿ, ಆಮೇಲೆ ಮೆಲ್ಲಗೆ. ‘ಕಲಾವಿದೆಯ ಮುಖ, ದನಿ ಕಂಪನಿಯ ಲಿಖಿತ ಅನುಮತಿಯಿಲ್ಲದೆ ಬೇರೆಲ್ಲೂ ಬಳಸತಕ್ಕದ್ದಲ್ಲ’ ಅನ್ನುವ ಕಡೆ ಕೆಮ್ಮು ಬಂತು.

“ಅಂದ್ರೆ?” ಅಜ್ಜಿ ಕೇಳಿದಳು. “ನನ್ ಮೊಮ್ಮಗ ಫೋನ್ ಹಿಡ್ದಾಗ ನಾನು ಅವ್ನಿಗೆ ಮುಂಡೇದೇ ಅನ್ನಕ್ಕೆ ನಿಮ್ಮಪ್ಪಣೆ ತಗೋಬೇಕಾ?”

ಜಗುಲಿ ಪೂರ್ತಿ ನಕ್ಕಿತು. ಶಿವರಾಮ್ ಬೆವರು ಒರೆಸಿಕೊಂಡ. ಜಗನ್ ನಗಲಿಲ್ಲ. ಅವನ ರಕ್ತ ಕುದಿಯುತ್ತಿತ್ತು. ಎದ್ದು ಬೈಯಬೇಕು ಅನ್ನಿಸಿತು. ಆದರೆ ಜೀವನದಲ್ಲಿ ಮೊದಲ ಸಲ ಬೈಯುವ ಬದಲು ಕೇಳಿದ.

“ಸಾರ್, ಹಳೇ ವಿಡಿಯೋಗಳನ್ನ ಒಂದು ವರ್ಷ ತೋರಿಸ್ಕೊಳ್ಳಿ. ಹೆಸ್ರು, ಪಾಸ್‌ವರ್ಡ್ ನಮ್ ಹತ್ರಾನೇ ಇರ್ಲಿ. ನಿಮ್ಗೆ ಬಿಡೋಕೆ ಎಷ್ಟು ಟೈಮೋ ನಮ್ಗೂ ಅಷ್ಟೇ. ಬರ್ಕೊಂಡ್ ಬನ್ನಿ.”

“ಕಂಪನಿ ಒಪ್ಪಲ್ಲ ಬ್ರದರ್.” ಶಿವರಾಮ್ ಹೊರಟೇಹೋದ.

ಕಾರು ತುಮಕೂರು ರಸ್ತೆಯ ಕಡೆ ತಿರುಗಿದಾಗ ಜಗನ್ ಪಕ್ಕದಲ್ಲಿದ್ದ ನೂರ್‌ಜಹಾನ್ ಕಡೆ ನೋಡಿದ. “ಹೋಯ್ತಲ್ಲಕ್ಕ.”

“ಏನ್ ಹೋಯ್ತು? ಚಾನೆಲ್ ನಿಂದೇ. ಅಜ್ಜಿ ಇಲ್ಲೇ ಇದಾರೆ, ಬಾಯಿನೂ ಜೋರಾಗೇ ಇದೆ.”

“ನನ್ ಬಾಯಿ ಸುದ್ದಿ ಯಾಕೇ?” ಅಂತ ಅಜ್ಜಿ ಒಳಗಿನಿಂದಲೇ ಕೂಗಿದಳು.

ಚಾನೆಲ್ ನೋಡುವವರು ಹೆಚ್ಚುತ್ತಲೇ ಇದ್ದರು. ಕೆಲವು ವಾರಗಳಾದ ಮೇಲೆ ಶಿವರಾಮ್ ತಾನಾಗಿ ಬಂದ. ಈ ಸಲ ಕಾಗದ ತೆಳ್ಳಗಿತ್ತು, ಕನ್ನಡದಲ್ಲಿತ್ತು, ಕೇಳಿದ್ದೆಲ್ಲ ಇತ್ತು. ಜಗನ್ ಚಾಪೆಯ ಮೇಲೆ ಕುಳಿತು ಒಂದೊಂದೇ ಪದ ಕೂಡಿಸಿಕೊಂಡು, ತಡವರಿಸಿ, ಅಜ್ಜಿಗೆ ಕೇಳುವ ಹಾಗೆ ತಾನೇ ಪೂರ್ತಿ ಓದಿದ. ಯಾರೂ ನಗಲಿಲ್ಲ. ಓದಿ ಮುಗಿಸಿ, ತನಗೊಂದು ಪ್ರತಿ ಇಸಿದುಕೊಂಡು, ಆಮೇಲೆ ಸಹಿ ಹಾಕಿದ.

ಅಕ್ಕಂದಿರೇ, ತಮ್ಮಂದಿರೇ, ಫೋನಿನಲ್ಲಿ ಹಾಡುವವರೇ, ಅಡುಗೆ ತೋರಿಸುವವರೇ, ನಗಿಸುವವರೇ! ಒಪ್ಪಂದ ಅಂದರೆ ಹೆದರಬೇಡಿ, ಕಣ್ಣು ಮುಚ್ಚಿ ಸಹಿಯನ್ನೂ ಹಾಕಬೇಡಿ. ಏನು ಕೊಡುತ್ತಿದ್ದೀರಿ, ಎಷ್ಟು ದಿನಕ್ಕೆ, ಬಿಟ್ಟು ಬರುವ ದಾರಿ ಯಾವುದು ಅಂತ ಕೇಳಿ. ಇಂಗ್ಲಿಷ್ ಬಾರದಿದ್ದರೆ ತಿಳಿದವರ ಕೈಲಿ ಓದಿಸಿ. ಪಾಸ್‌ವರ್ಡ್ ಯಾರಿಗೂ ಕೊಡಬೇಡಿ. ವಕೀಲರಿಗೆ ಕೊಡಲು ದುಡ್ಡಿಲ್ಲವೇ? ಕೋರ್ಟಿನಲ್ಲಿರುವ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಹೆಣ್ಣುಮಕ್ಕಳಿಗೆ, ಪರಿಶಿಷ್ಟರಿಗೆ, ಆದಾಯ ಕಡಿಮೆ ಇರುವವರಿಗೆ ಅಲ್ಲಿ ಉಚಿತ ನೆರವಿದೆ.

ಓದಿಲ್ಲ ಅಂತ ನಾಚಿಕೊಳ್ಳುವವರು ನಾವಲ್ಲ. ನಮಗೆ ಅರ್ಥವಾಗದ ಹಾಗೆ ಬರೆದು, ನಾಳೆಯೇ ಸಹಿ ಬೇಕು ಅನ್ನುವವರು ನಾಚಿಕೊಳ್ಳಲಿ. ನಿಮ್ಮ ದನಿ ನಿಮ್ಮದು. ಕೇಳಿ, ಕೂತು ಓದಿಸಿ, ಆಮೇಲೆ ಪೆನ್ನು ಹಿಡಿಯಿರಿ.