ಸಕ್ಕರೆಯಿಲ್ಲದ ಕಾಫಿ

"ಒಂದೇ ಒಂದು ಮಾತು ಕಣೋ. 'ದೇವ್ರು ನಿಮ್ಗೆ ಶಕ್ತಿ ಕೊಡ್ಲಿ ಯಜಮಾನ್ರೇ' ಅಂತ. ಅದನ್ನೂ ನುಂಗ್‌ಬಿಟ್ಟೀಯ ಮತ್ತೆ," ಎಂದ ನಿರ್ದೇಶಕ.

ಪೆಲೊಪಿದಾಸ್ ತಲೆಯಾಡಿಸಿದ. ಹದಿನೆಂಟು ವರ್ಷ, ಅರವತ್ತೊಂದು ಸಿನಿಮಾ. ಮಾಣಿ, ಪೊಲೀಸ್, ಹೆಣ ಹೊರುವವ, ಒಮ್ಮೆ ಹೆಣವೂ ಆಗಿದ್ದ. ಬಾಯಿ ಬಿಡುವ ಪಾತ್ರ ಸಿಕ್ಕಿದ್ದು ಇದೇ ಮೊದಲು. ಹೆಂಡತಿ ಎವಾಂಥಿಯಾ ಆಗಲೇ ಅಥೆನ್ಸಿನ ತಮ್ಮ ಓಣಿಗೆಲ್ಲ ಸಾರಿಬಿಟ್ಟಿದ್ದಳು.

ಮಗನನ್ನು ಮಣ್ಣುಮಾಡಿ ಬಂದ ಅಪ್ಪ ಕಾಫಿ ಅಂಗಡಿಯಲ್ಲಿ ಕೂರುತ್ತಾನೆ. ಮಾಣಿ ಕಾಫಿ ಇಟ್ಟು ಆ ಮಾತು ಹೇಳುತ್ತಾನೆ. ಇಷ್ಟೇ ದೃಶ್ಯ. ಅಪ್ಪನಾಗಿದ್ದವನು ದೊಡ್ಡ ನಟ ವ್ರಾಸಿದಾಸ್. ಬೆಳಗಿನಿಂದ ಆರು ಸಲ ತೆಗೆದರೂ ಅವನ ಕಣ್ಣು ಒದ್ದೆಯಾಗಿರಲಿಲ್ಲ. ಆರೂ ಸಲ ಅವನ ಮುಂದಿಟ್ಟದ್ದು ಅವನಿಷ್ಟದ ಸಿಹಿ ಕಾಫಿ.

ಪೆಲೊಪಿದಾಸ್‌ಗೆ ಅದೇ ಕಸಿವಿಸಿ. ಸಾವಾದ ಮನೆಯವರಿಗೆ ಯಾರಾದರೂ ಸಕ್ಕರೆ ಹಾಕಿ ಕೊಡುತ್ತಾರೆಯೇ? ಏಳನೆಯ ಸಲಕ್ಕೆ ಮೂಲೆಯ ಸ್ಟವ್ ಹಚ್ಚಿ ತಾನೇ ಕಾಫಿ ಕುದಿಸಿದ, ಸಕ್ಕರೆಯಿಲ್ಲದೆ. ಪಕ್ಕಕ್ಕೆ ಒಂದು ಗುಟುಕು ಬ್ರಾಂದಿ, ಒಂದು ರಸ್ಕು, ಮಣ್ಣುಮಾಡಿ ಬಂದವರಿಗೆ ಆ ಊರಲ್ಲಿ ಎಲ್ಲರೂ ಕೊಡುವ ಹಾಗೆ.

ವ್ರಾಸಿದಾಸ್ ಒಂದು ಗುಟುಕು ಕುಡಿದ. ಆ ಕಹಿ ಯಾವ ಮನೆಯವರಿಗೆ ಗೊತ್ತಿಲ್ಲ? ತಲೆಯೆತ್ತಿ ಮಾಣಿಯನ್ನು ನೋಡಿದ; ಮುಖ ಮೆಲ್ಲಗೆ ಕುಸಿಯಿತು. ಪೆಲೊಪಿದಾಸ್‌ನ ಮಾತು ನಾಲಿಗೆ ತುದಿಗೆ ಬಂದಿತ್ತು. ಅದನ್ನು ಹಾಗೇ ಹಿಡಿದು, ಬಟ್ಟೆಯಿಂದ ಲೋಟದ ಪಕ್ಕದ ತೇವ ಒರೆಸಿ, ಹಿಂದಕ್ಕೆ ಸರಿದ.

"ಮಾತೆಲ್ಲಿ ಹೋಯ್ತೋ, ಮಹಾರಾಯ?" ನಿರ್ದೇಶಕ ಕೂಗಿದ.

"ಬೇಕು ಅನ್ನಿಸ್ಲಿಲ್ಲ ಸಾರ್."

"ಅವನನ್ನ ಬಯ್ಬೇಡ," ವ್ರಾಸಿದಾಸ್ ಕಣ್ಣೊರೆಸಿಕೊಂಡ. "ಇನ್ನೊಂದ್ಸಲ ತೆಗಿಯೋದಾದ್ರೆ ನಾನು ಎದ್ದು ಹೋಗ್ತೀನಿ."

ಮಾತು ಬಿಟ್ಟದ್ದನ್ನು ಮನೆಯಲ್ಲಿ ಹೇಳಲು ಪೆಲೊಪಿದಾಸ್‌ಗೆ ಬಾಯಿ ಬರಲಿಲ್ಲ. ಬೇಸಿಗೆ ಬಂತು, ಬಯಲು ಟಾಕೀಸಿಗೆ ಸಿನಿಮಾ ಬಂತು, ಮಲ್ಲಿಗೆ ಬಳ್ಳಿಯ ಗೋಡೆಯೊಳಗೆ ಇಡೀ ಓಣಿಯೇ ಬಂದು ಕೂತಿತು. ಎಲ್ಲರ ಬಾಯಲ್ಲೂ ಕುಂಬಳಬೀಜ ಕಟಕಟ.

"ಎವಾಂಥಿಯಾ, ನಿನ್ ಗಂಡ ಬಾಯಿ ಬಿಡೋವಾಗ ನನ್ನ ತಿವಿಯೇ," ಎಂದಳು ಪಕ್ಕದ ಮನೆಯ ಪೊಲಿಕ್ಸೇನಿ. "ಕಣ್ಣು ಮಿಟುಕಿಸಿದ್ರೆ ತಪ್ಪಿಹೋಗತ್ತೆ."

ಪರದೆಯ ಮೇಲೆ ಮಾಣಿ ಬಂದ. ಕಾಫಿ ಇಟ್ಟ, ಬ್ರಾಂದಿ ಇಟ್ಟ, ರಸ್ಕು ಇಟ್ಟ. ಮುಂದಿನ ಸಾಲಿನಲ್ಲಿ ಕಟಕಟ ನಿಂತಿತು, ಆಮೇಲೆ ಅದರ ಹಿಂದಿನ ಸಾಲಿನಲ್ಲಿ, ಆಮೇಲೆ ಎಲ್ಲೆಡೆ. ಪೆಲೊಪಿದಾಸ್ ತನ್ನ ಬೂಟು ನೋಡುತ್ತ ಕೂತಿದ್ದ. ಮಾಣಿ ಮೇಜು ಒರೆಸಿ ಸರಿದುಹೋದ.

ಪೊಲಿಕ್ಸೇನಿಯನ್ನು ಯಾರೂ ತಿವಿಯಲಿಲ್ಲ. ಎವಾಂಥಿಯಾಳ ಮುಷ್ಟಿಯಲ್ಲಿ ಬೀಜಗಳು ಹಾಗೇ ಇದ್ದವು. ಕಾಲಡಿ ಹಾಸಿದ್ದ ಜಲ್ಲಿಕಲ್ಲು ಸದ್ದು ಮಾಡೀತೆಂದು ಅವಳು ಎರಡೂ ಕಾಲು ಎತ್ತಿ ಹಿಡಿದಿದ್ದಳು.