ಚನ್ನವೀರಮ್ಮ ನಗುವ ತನಕ

"ಕಟ್" ಎಂದು ನಿರ್ದೇಶಕ ಸಿದ್ದಲಿಂಗೇಶ್ ಹೇಳಿದ ಮೇಲೂ ಹೆಂಗಸರು ಅಳು ನಿಲ್ಲಿಸಲಿಲ್ಲ. ಬಾದನಹಟ್ಟಿಯವರಿಗೆ ಅಳುವುದನ್ನು ಯಾರೂ ಹೇಳಿಕೊಡಬೇಕಿರಲಿಲ್ಲ, ನಿಲ್ಲಿಸುವುದನ್ನು ಹೇಳಿಕೊಡಬೇಕಿತ್ತು. ಪಡಸಾಲೆಯ ಗೋಡೆಗೆ ಒರಗಿಸಿ, ಹಣೆತುಂಬ ವಿಭೂತಿ ಬಳಿದು, ಹಾರ ಹಾಕಿ ಕೂರಿಸಿದ್ದ ಹೆಣವೇ ಮೊದಲು ಕಣ್ಣು ಬಿಟ್ಟು, "ಚಾ ಐತೇನಪಾ?" ಎಂದು ಕೇಳಿತು.

"ಮೊದಲು ನಗಬೇಕು ಚಿಗವ್ವ. ಆಮ್ಯಾಲೆ ಚಾ," ಎಂದ ಸಿದ್ದಲಿಂಗೇಶ್.

ಅದು ಸಿನಿಮಾದವರ ಪದ್ಧತಿ. ಸತ್ತಂತೆ ನಟಿಸಿದವರು ಕೂತ ಜಾಗದಲ್ಲೇ ಒಮ್ಮೆ ಕ್ಯಾಮೆರಾ ನೋಡಿ ನಕ್ಕುಬಿಡಬೇಕು. ಇಲ್ಲದಿದ್ದರೆ ಅಪಶಕುನ ಎನ್ನುತ್ತಾರೆ. ಎರಡು ಸೆಕೆಂಡಿನ ಕೆಲಸ. ಹೆಣವಾಗಿ ಕೂತಿದ್ದ ಚನ್ನವೀರಮ್ಮ ಹಲ್ಲು ಕಿರಿದಳು. ಅದು ಹಲ್ಲಿನ ಡಾಕ್ಟರಿಗೆ ತೋರಿಸುವ ಬಾಯಿಯಂತಿತ್ತು.

"ನಗು ಬರವಲ್ದು ತಮ್ಮಾ," ಎಂದಳು. "ನನ್ನ ಸೊಸಿ ಸೌಂದರ್ಯ ಅತ್ತಳಲ್ಲ, ಅದು ನಾಟಕ ಅಲ್ಲ. ಹತ್ತು ವರ್ಷ ಆಕೀನ ಬೈಕೋತ ಬಂದೀನಿ. ಕಣ್ಣು ಮುಚಗೊಂಡು ಅದನ್ನ ಕೇಳಿದ ಮ್ಯಾಲೆ ಹ್ಯಾಂಗ ನಗಲಿ?"

ಕ್ಯಾಮೆರಾ ಹಿಡಿದಿದ್ದ ಅಕ್ಷತಾ ಗಡಿಯಾರ ನೋಡಿಕೊಂಡಳು. ಬಳ್ಳಾರಿ ಕಂಟೋನ್ಮೆಂಟಿನ ಹುಡುಗಿ, ಕೆಲಸದಲ್ಲಿ ಚುರುಕು, ಶಕುನ ಗಿಕುನ ಅವಳಿಗೆ ಗೊತ್ತಿಲ್ಲ. "ಸರ್, ಹಲ್ಲು ಕಾಣಿಸ್ತಲ್ಲ, ಅದನ್ನೇ ನಗು ಅಂದ್ಕೊಳ್ಳೋಣ. ಈಗ ಹೊರಟರೆ ಮಾತ್ರ ಸಿರುಗುಪ್ಪದಲ್ಲಿ ಬೆಳಕು ಸಿಗುತ್ತೆ."

ಅವಳು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ಸಿನಿಮಾದ ಕಡೆಯ ದೃಶ್ಯ ಸಿರುಗುಪ್ಪದ ಅಯ್ಯಣ್ಣನ ಗದ್ದೆಯಲ್ಲಿ, ಮಾಗಿದ ಭತ್ತದ ನಡುವೆ. ಅರ್ಧ ನಿನ್ನೆ ತೆಗೆದಾಗಿತ್ತು, ಇನ್ನರ್ಧ ಇವತ್ತು ಸಂಜೆ ಆಗಲೇಬೇಕು. ಅಯ್ಯಣ್ಣ ಇವರಿಗಾಗಿ ನಾಲ್ಕು ದಿನ ಕೊಯ್ಲು ಮುಂದೆ ಹಾಕಿದ್ದ. ನಾಳೆ ಬೆಳಿಗ್ಗೆ ಕೊಯ್ಯುವ ಯಂತ್ರ ಇಳಿಯುತ್ತದೆ, ಆಮೇಲೆ ಅಲ್ಲಿ ಉಳಿಯುವುದು ಕೂಳೆ. ಹನ್ನೊಂದು ವರ್ಷದಲ್ಲಿ ಇದು ಸಿದ್ದಲಿಂಗೇಶನ ಮೂರನೆಯ ಸಿನಿಮಾ. ಮೊದಲನೆಯದು ಬಳ್ಳಾರಿಯಲ್ಲಿ ಒಂದು ವಾರ, ಅದೂ ಬೆಳಗಿನ ಆಟ ಮಾತ್ರ ಓಡಿತು. ಎರಡನೆಯದಕ್ಕೆ ಥಿಯೇಟರೇ ಸಿಗಲಿಲ್ಲ. ಇದೂ ಕೆಟ್ಟರೆ ನಾಲ್ಕನೆಯದಕ್ಕೆ ದುಡ್ಡು ಹಾಕುವವರು ಯಾರೂ ಇರಲಿಲ್ಲ.

ಆದರೂ ಅವನು ಕದಲಲಿಲ್ಲ.

ಮೊದಲ ಸಿನಿಮಾದಲ್ಲೂ ಹೀಗೊಂದು ಹೆಣವಿತ್ತು. ಹೆಣವಾಗಿ ಕೂರಲು ಯಾವ ನಟಿಯೂ ಒಪ್ಪದೆ, ಕುರುಗೋಡಿನ ಮನೆಯಲ್ಲಿ ತನ್ನ ತಾಯಿ ಸಾವಂತ್ರಮ್ಮನನ್ನೇ ಕೂರಿಸಿದ್ದ. ಮೂರನೆಯ ಸಲಕ್ಕೆ ಅವಳ ತುಟಿ ಅಲ್ಲಾಡಿತು. "ಸತ್ತೋರು ತುಟಿ ಅಲ್ಲಾಡಸ್ತಾರೇನಬೇ?" ಎಂದು ನಾಲ್ಕು ಜನರೆದುರು ರೇಗಿದ್ದ. ಅವತ್ತೂ ಬೆಳಕು ಹೋಗುತ್ತಿತ್ತು. ನಗು ನಾಳೆ ತೆಗೆದರಾಯಿತು ಎಂದು ಗಂಟುಮೂಟೆ ಕಟ್ಟಿದ. ನಾಳೆ ಬೇರೆ ಕೆಲಸ ಬಂತು. ಎಂಟು ತಿಂಗಳಿಗೆ ಕಿಡ್ನಿ ಕೆಟ್ಟು ತಾಯಿ ತೀರಿಕೊಂಡಳು. ಊರವರು ಆಡುವುದನ್ನು ಆಡಿದರು. ಅದನ್ನು ಅವನು ಅಂದೂ ನಂಬಲಿಲ್ಲ, ಇಂದೂ ನಂಬುವುದಿಲ್ಲ. ಅವನ ಸಂಕಟ ಬೇರೆ. ಇಷ್ಟೆಲ್ಲ ಜನರನ್ನು ಕ್ಯಾಮೆರಾದಲ್ಲಿ ಹಿಡಿದವನ ಹತ್ತಿರ ಅವ್ವ ನಕ್ಕ ಒಂದು ತುಣುಕೂ ಇರಲಿಲ್ಲ. ಇದ್ದದ್ದು ಆ ತುಟಿ ಅಲ್ಲಾಡಿದ್ದು ಮಾತ್ರ. ಭಜನೆಯ ಸದ್ದಿನಲ್ಲಿ ಮಾತು ಮುಚ್ಚಿಹೋಗಿತ್ತು. ಎಷ್ಟು ಸಲ ಹಾಕಿಕೊಂಡು ನೋಡಿದರೂ ಅವಳು ಏನೆಂದಳೋ ತಿಳಿಯಲಿಲ್ಲ.

ಅಯ್ಯಣ್ಣನ ಫೋನು ಬಂತು. "ಬರ್ತೀರೋ ಇಲ್ಲೋ ಹೇಳಿಬಿಡ್ರಿ. ನಾಳೆ ಮುಂಜಾನೆ ಆರಕ್ಕ ಮಿಷಿನ್ ಗದ್ದಿಗಿಳಿತೈತಿ."

ಸಿದ್ದಲಿಂಗೇಶ್ ಚನ್ನವೀರಮ್ಮನ ಮುಖ ನೋಡಿದ. "ಇವತ್ತು ಬರಾಕ ಆಗೂದಿಲ್ಲ ಅಯ್ಯಣ್ಣ. ನೀವು ಕೊಯ್ಸ್ರಿ."

ಅಕ್ಷತಾಳಿಗೆ ಸಿಟ್ಟು ಬಂತು. "ನಿನ್ನೆ ತೆಗೆದದ್ದೆಲ್ಲ ದಂಡ ಅಲ್ವಾ ಸರ್?"

"ದಂಡ. ಕೊಯ್ದ ಗದ್ದೆಯಲ್ಲಿ ಮೊದಲಿಂದ ತೆಗೆಯೋಣ. ಕೂಳೆ ಕಾಲಿಗೆ ಚುಚ್ಚಿದರೆ ಚುಚ್ಚಲಿ. ನೀನು ಕ್ಯಾಮೆರಾ ಆನ್ ಇಟ್ಟಿರು."

ಹೇಳಿ, ತಾನೂ ಹೋಗಿ ಚನ್ನವೀರಮ್ಮನ ಪಕ್ಕದಲ್ಲಿ ಗೋಡೆಗೆ ಒರಗಿ ಕುಳಿತ. ಸೌಂದರ್ಯ ಇಬ್ಬರಿಗೂ ಚಹಾ ತಂದಿಟ್ಟು ಹೋದಳು. ಮುದುಕಿ ಅವಳು ಹೋದ ದಿಕ್ಕನ್ನೇ ನೋಡುತ್ತ ಅರ್ಧ ಲೋಟ ಕುಡಿದಳು. ಆಮೇಲೆ ಅವನ ಕಡೆ ತಿರುಗಿದಳು.

"ನಿಮ್ಮವ್ವ ಹೆಣಾ ಆಗಿ ಕುಂತಾಗ ಬಾಜೂಕ ಅಳಾಕ ಕುಂತಾಕಿ ನಾನ. ನೆನಪೈತಿಲ್ಲೋ?"

ನೆನಪಿತ್ತು. ಆ ತುಣುಕಿನ ಅಂಚಿನಲ್ಲಿ ಅವಳ ಒಂದು ಭುಜ ಕಾಣುತ್ತಿತ್ತು. ಕೇಳಬಹುದಾಗಿದ್ದವಳು ಇಷ್ಟು ಹತ್ತಿರದಲ್ಲಿದ್ದರೂ ಕೇಳಬೇಕೆಂದು ಅವನಿಗೆ ಹೊಳೆದಿರಲಿಲ್ಲ.

"ಅವತ್ತು ಅವ್ವ ನಿಂಗ ಏನರ ಅಂದಳಾ ಚಿಗವ್ವ?"

"ಅನ್ನದ ಇರ್ತಾಳೇನು? ಒಂದು ನೊಣ ಬಂದು ಕುಂತುಬಿಡ್ತು ಆಕಿ ಮ್ಯಾಲೆ. ಏಳವಲ್ದು. ಆಕಿ ಕಣ್ಣು ತಗೀದಂಗ ಅಂತಾಳ, 'ಚನ್ನೀ, ನೊಣ ಓಡ್ಸ. ನಾ ಕೈ ಎತ್ತಿದ್ರ ನನ ಮಗ ಮತ್ತ ಮೊದಲಿಂದ ಸಾಯಿ ಅಂತಾನ.' ಅಳಾಕ ಕುಂತಾಕಿ ನಾನು, ಸೆರಗು ಬಾಯಾಗ ತುರುಕೊಂಡು..."

ಮಾತು ಮುಗಿಯಲಿಲ್ಲ. ಹೊಟ್ಟೆಯಿಂದ ಎದ್ದ ನಗು ಅವಳನ್ನು ಹಿಡಿದು ಅಲ್ಲಾಡಿಸಿತು. ಕೊರಳಿನ ಹಾರ ಕುಣಿಯಿತು, ಲೋಟದ ಚಹಾ ಸೀರೆಯ ಮೇಲೆ ಚೆಲ್ಲಿತು. ಒಳಗಿಂದ ಸೌಂದರ್ಯ ಗಾಬರಿಯಾಗಿ ಓಡಿಬಂದು ಬಾಗಿಲಲ್ಲೇ ನಿಂತಳು. ಅಕ್ಷತಾ ಸದ್ದಿಲ್ಲದೆ ಎರಡು ಹೆಜ್ಜೆ ಹತ್ತಿರ ಬಂದಳು.

ಸಿದ್ದಲಿಂಗೇಶ್ "ಕಟ್" ಅನ್ನಲಿಲ್ಲ. ಅವಳ ನಗು ಇಳಿದ ಮೇಲೆ ಕೇಳಿದ, "ಎಲ್ಲಿ ಕುಂತಿತ್ತು ಚಿಗವ್ವ, ನೊಣ?"

ಚನ್ನವೀರಮ್ಮ ಕಣ್ಣೊರೆಸಿಕೊಂಡು, ವಿಭೂತಿ ಹತ್ತಿದ ಬೆರಳು ಚಾಚಿ, ಅವನ ಮೂಗಿನ ತುದಿ ಮುಟ್ಟಿ ತೋರಿಸಿದಳು.