ಒಬ್ಬೊಬ್ಬರನ್ನೇ ವಿಚಾರಿಸಿಕೊಳ್ಳುತ್ತೇನೆ

೧

ಹೇಗೆ ಶುರುಮಾಡಲಿ?

'ಒಂದು ಪಟ್ಟಣದಲ್ಲಿ ಒಬ್ಬ ಪೊಲೀಸ್ ಅಧಿಕಾರಿ ಇದ್ದನು' ಎಂದು ಬರೆದೆ. ನಾನು ಓದು ಕಲಿತ ಕಾಲದಲ್ಲಿ ಕಥೆಗಳು ಹೀಗೆಯೇ ಶುರುವಾಗುತ್ತಿದ್ದವು. ಆದರೆ 'ಇದ್ದನು' ಎಂದೊಡನೆ ಮನುಷ್ಯ ತೀರಿಕೊಂಡ ಹಾಗೆ ಕೇಳಿಸುತ್ತದೆ. ಈ ಮನೆಯಲ್ಲಿ ಈಗ ಆ ಕ್ರಿಯಾಪದ ಬಳಸುವುದು ಕಷ್ಟ. ಹೊಡೆದು ಹಾಕಿದೆ.

'ನಿವೃತ್ತ ಪೊಲೀಸ್ ಅಧಿಕಾರಿಯೊಬ್ಬರು ನಗರಸಭೆ ಚುನಾವಣೆಗೆ ನಿಂತಿದ್ದಾರೆ.' ಇದು ಪತ್ರಿಕೆಯವರ ವಾಕ್ಯ. ಅಲ್ಲದೆ, ಸೇವೆಯುದ್ದಕ್ಕೂ ಬೇರೆಯವರ ಹಿಂದೆ 'ಏಯ್, ನಿಲ್ಲೋ' ಎಂದು ಓಡಿದವನು ಈಗ ತಾನೇ ನಿಂತನೇ ಎಂದು ನೀವು ನಗುತ್ತೀರಿ. (ನಗಿ. ಅದಕ್ಕಾಗಿಯೇ ಇದನ್ನು ಉಳಿಸಿಕೊಂಡಿದ್ದೇನೆ.)

೨

ಅವನು ನನ್ನ ಹೆಂಡತಿಯ ತಮ್ಮ.

ಹೆಂಡತಿ ಹೋದ ವರ್ಷ ಭಗವಂತನ ಪಾದ ಸೇರಿದಳು. ನನ್ನ ಕಥೆಗಳನ್ನು ಮೊದಲು ಕೇಳುತ್ತಿದ್ದವಳು ಅವಳು. ಹಿಡಿಸದಿದ್ದರೆ ಬಾಯಿಬಿಟ್ಟು ಹೇಳುತ್ತಿರಲಿಲ್ಲ. 'ಒಲೆ ಮೇಲೆ ಏನೋ ಇಟ್ಟಿದ್ದೀನಿ' ಎಂದು ಎದ್ದು ಹೋಗುತ್ತಿದ್ದಳು. ಒಲೆಯ ಮೇಲೆ ಏನೂ ಇರುತ್ತಿರಲಿಲ್ಲ. ಈಗ ಯಾರೂ ಎದ್ದು ಹೋಗುವುದಿಲ್ಲವಾದ್ದರಿಂದ ಕಥೆ ಎಲ್ಲಿ ಕೆಟ್ಟಿತೆಂದು ನನಗೆ ತಿಳಿಯುವುದಿಲ್ಲ.

ಆದ್ದರಿಂದ ಇದನ್ನು ಅವನಿಗೇ ಓದಿ ಹೇಳುತ್ತಿದ್ದೇನೆ. ಅವನು ಬೆನ್ನು ನೆಟ್ಟಗೆ ಮಾಡಿ ಕೂತು, ದೂರು ಕೇಳುವವನ ಹಾಗೆ ಕೇಳುತ್ತಾನೆ.

"ಭಾವ, ಓಡಿದ್ದು ಯಾಕೆ ಹಾಕಿದ್ರಿ? ನಾನು ಓಡ್ತಿರ್ಲಿಲ್ಲ. ಓಡೋಕೆ ಬೇರೆಯವರಿದ್ರು."

"ಕಥೆಯಲ್ಲಿ ಓಡು. ಹೊಟ್ಟೆ ಕರಗಲಿ."

೩

ಮನೆಮನೆ ಪ್ರಚಾರ. ಅವನು ಬಾಗಿಲು ಬಡಿದರೆ ಬಾಗಿಲಿಗೇ ತಪ್ಪಿತಸ್ಥ ಭಾವ ಬರುತ್ತದೆ. ಮೊದಲ ಮನೆಯವನು ಬಾಗಿಲು ಅರ್ಧ ತೆರೆದು, ಇವನು ಬಾಯಿ ತೆರೆಯುವ ಮುಂಚೆಯೇ, "ಅವನು ಇಲ್ಲಿಲ್ಲ ಸಾರ್, ಬಿಟ್ಟು ಹೋಗಿ ಬಹಳ ದಿನ ಆಯ್ತು" ಎಂದ. ಯಾರು ಇಲ್ಲ, ಯಾರು ಬಿಟ್ಟು ಹೋದರು, ದೇವರೇ ಬಲ್ಲ.

ಮುಂದಿನ ಮನೆಯ ಹೆಂಗಸು ಸ್ಕೂಟರಿನ ಕಾಗದಪತ್ರ ತಂದು ಕೈಗಿಟ್ಟಳು. ಅಭ್ಯರ್ಥಿಯಾದವನು ಅದನ್ನು ಹಿಂದಕ್ಕೆ ಕೊಟ್ಟು ಕೈಮುಗಿಯಬೇಕಿತ್ತು. ಇವನು ಕನ್ನಡಕ ಹಾಕಿಕೊಂಡು ಪೂರ್ತಿ ಓದಿ, "ಇನ್ಶೂರೆನ್ಸ್ ಮುಗಿದಿದೆಯಲ್ಲಮ್ಮಾ" ಎಂದ.

(ಆ ಮನೆಯ ಮತಗಳು ಅಲ್ಲಿಗೆ ಮುಗಿದವು.)

೪

ಈಗ ಆ ಸಭೆ. ಇದನ್ನು ಬರೆಯಬೇಡಿ ಎಂದು ಅವನು ಬೇಡಿಕೊಂಡಿದ್ದಾನೆ.

ಶಾಲೆಯ ಬಯಲು, ಪ್ಲಾಸ್ಟಿಕ್ ಕುರ್ಚಿಗಳು, ಗೊರಗೊರ ಎನ್ನುವ ಮೈಕು. ಬರೆದುಕೊಟ್ಟ ಭಾಷಣವನ್ನು ಅವನು ಚೆನ್ನಾಗಿಯೇ ಓದಿದ. ಕೊನೆಗೆ ಹೃದಯ ತುಂಬಿ ಬಂದು, ಕಾಗದ ಮಡಚಿ ಜೇಬಿಗಿಟ್ಟು, ಸ್ವಂತ ಮಾತು ಆಡಿದ:

"ನನ್ನನ್ನ ಗೆಲ್ಲಿಸಿ. ಗೆದ್ದ ಮೇಲೆ ನಿಮ್ಮನ್ನೆಲ್ಲ ಒಬ್ಬೊಬ್ಬರನ್ನೇ ವಿಚಾರಿಸ್ಕೊಳ್ತೀನಿ."

ಮುಂದಿನ ಸಾಲಿನವರು ಕುರ್ಚಿ ಹಿಂದಕ್ಕೆ ಸರಿಸಿಕೊಂಡರು. ಆಮೇಲೆ ಹಿಂದಿನ ಸಾಲಿನಿಂದ ನಮ್ಮ ಬೀದಿಯ ಟೈಲರ್ ಎದ್ದು ಕೇಳಿದ: "ಗೆಲ್ಲಿಸ್ದೆ ಇದ್ರೆ, ಸಾರ್?"

ನಗು ಹೊತ್ತಿಕೊಂಡಿತು. ಸಭೆ ಮುಗಿಯುವ ಮೊದಲೇ ವಿಡಿಯೊ ಊರೆಲ್ಲ ಹರಡಿತು. ಯಾರೋ ಪುಣ್ಯಾತ್ಮ ಅದಕ್ಕೆ ಸೈರನ್ ಸದ್ದು ಸೇರಿಸಿದ್ದ. ಪಕ್ಷದ ಕಾರ್ಯದರ್ಶಿ ಫೋನಿನಲ್ಲಿ, "ಸಾಹೇಬ್ರೇ, ಆರೋಗ್ಯ ಸರಿಯಿಲ್ಲ ಅಂತ ನಾಮಪತ್ರ ವಾಪಸ್ ತಗೊಂಬಿಡಿ. ಇನ್ನೂ ಟೈಮಿದೆ" ಎಂದ.

೫ (ಇಲ್ಲಿ ಪಾತ್ರ ಜಗಳಕ್ಕೆ ನಿಂತಿತು)

"ತೆಗೀರಿ ಭಾವ ಅದನ್ನ. ಜನ ನಕ್ಕಿದ್ದು ಸಾಲ್ದಾ? ಪುಸ್ತಕದಲ್ಲೂ ನಗಬೇಕಾ?"

"ನೀನು ಹೇಳಿದ್ದರಲ್ಲಿ ತಪ್ಪೇನಿದೆ?"

"ನಾನು ಹೇಳಿದ್ದು, ಚೆನ್ನಾಗಿ ನೋಡ್ಕೊಳ್ತೀನಿ ಅಂತ. ಅಕ್ಕ ಹೇಳ್ತಿದ್ಳಲ್ಲ, ಮನೆಗೆ ಯಾರಾದ್ರೂ ಬಂದ್ರೆ? 'ತಮ್ಮಾ, ಬಂದೋರನ್ನ ವಿಚಾರಿಸ್ಕೋ.' ನೀರು ಕೊಡು, ಕೂರಿಸು, ಹೇಗಿದ್ದೀರಿ ಅಂತ ಕೇಳು. ಅಷ್ಟೇ ಅದರರ್ಥ."

ಅಷ್ಟೇ ಹೌದು. ಅಕ್ಕನ ಬಾಯಲ್ಲಿ ನೀರಿನ ಲೋಟ ಹಿಡಿದಿದ್ದ ಮಾತು ತಮ್ಮನ ಬಾಯಲ್ಲಿ ಲಾಠಿ ಹಿಡಿದಿತ್ತು. ಮಾತು ಅದೇ. ಇಷ್ಟು ವರ್ಷ ಭಾಷೆಯಲ್ಲಿ ಕೆಲಸ ಮಾಡಿದ ನನಗೂ ಇದು ಹೊಳೆದಿರಲಿಲ್ಲ.

ಅವನು ತಗ್ಗಿದ ದನಿಯಲ್ಲಿ ಕೇಳಿದ: "ಭಾವ, ಕಥೆ ನಿಮ್ಮ ಕೈಯಲ್ಲೇ ಇದೆಯಲ್ಲ. ಅಕ್ಕನ್ನ ಅಲ್ಲಾದ್ರೂ ಬದುಕಿಸಬಹುದಲ್ಲ? ಅವಳು ವೇದಿಕೆ ಮೇಲಿದ್ದಿದ್ರೆ ಯಾರೂ ಹೆದರ್ತಿರ್ಲಿಲ್ಲ."

ಪ್ರಯತ್ನಿಸಿದೆ, ನಿಮ್ಮಿಂದ ಮುಚ್ಚಿಡುವುದಿಲ್ಲ. 'ಅವಳು ಸೆರಗು ಸರಿಮಾಡಿಕೊಂಡು ಮೈಕಿನ ಮುಂದೆ ಬಂದಳು' ಎಂದು ಬರೆದೆ. ಬಂದಳು, ನಿಂತಳು, ನನ್ನನ್ನು ನೋಡಿದಳು. ಮುಂದಿನ ಮಾತು ನಾನೇ ಹೇಳಿಕೊಡಬೇಕಾಗಿತ್ತು. ಅವಳು ಎಂದೂ ನಾನು ಹೇಳಿಕೊಟ್ಟ ಮಾತು ಆಡಿದವಳಲ್ಲ. ಹೋದವರನ್ನು ಕರೆಯುವ ಅಧಿಕಾರ ಅವರನ್ನು ಕರೆಸಿಕೊಂಡವನದು. ಆ ಹಾಳೆಯನ್ನು ಹರಿಯಲಿಲ್ಲ. ಮಡಚಿ ಪ್ರಾರ್ಥನೆಯ ಪುಸ್ತಕದೊಳಗಿಟ್ಟೆ.

೭ (ಆರು ಎಲ್ಲಿ ಎನ್ನುವಿರಾ? ಅದರಲ್ಲಿ ಅವನು ನಾಮಪತ್ರ ಹಿಂದಕ್ಕೆ ತೆಗೆದುಕೊಂಡಿದ್ದ. ಓದಿದಾಗ, 'ಹಾಗೆ ಮಾಡಲ್ಲ ನಾನು' ಎಂದು ಎದ್ದು ಹೊರಟೇಬಿಟ್ಟ.)

ಎದ್ದವನು ನೇರ ಟೈಲರ್ ಅಂಗಡಿಗೆ ಹೋದ. ಟೈಲರ್ ಹೊಲಿಗೆ ಯಂತ್ರ ನಿಲ್ಲಿಸಿದ. ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡೇ, "ತಮಾಷೆಗೆ ಅಂದೆ ಸಾರ್" ಎಂದ.

"ತಮಾಷೆ ಚೆನ್ನಾಗಿತ್ತು. ನನ್ನನ್ನ ವಿಚಾರಿಸು ಅಂತ ಬಂದೆ."

"ಏನಂದ್ರಿ?"

"ಇಷ್ಟು ದಿನ ನಾನು ಕೇಳ್ದೆ. ಈಗ ನೀನು ಕೇಳು."

ಗಿರಾಕಿಗಳ ಸ್ಟೂಲಿನ ಮೇಲೆ ಕೂತ. ಟೈಲರ್ ಸೂಜಿಗಳನ್ನು ಒಂದೊಂದಾಗಿ ಉಗಿದು, ಗಂಟಲು ಸರಿಮಾಡಿಕೊಂಡು, ಟೇಪನ್ನು ಕೊರಳಿಗೆ ಎಳೆದುಕೊಂಡು, ಅಧಿಕಾರಿಯ ಗತ್ತಿನಲ್ಲಿ ಕೇಳಿದ:

"ಹೂಂ. ಚುನಾವಣೆಗೆ ಯಾಕೆ ನಿಂತೆ... ನಿಂತ್ರಿ?"

"ಜನಸೇವೆಗೆ."

"ಸುಳ್ಳು. ನಿಜ ಹೇಳ್ರಿ."

ಅಷ್ಟರಲ್ಲಿ ಅಂಗಡಿ ಮುಂದೆ ಜನ ಸೇರಿದ್ದರು. ಇವನು ಹಣೆ ಒರೆಸಿಕೊಂಡ.

"ರಿಟೈರ್ ಆದ್ಮೇಲೆ ನನ್ನ ಮನೆಗೆ ಯಾರೂ ಬರಲ್ಲ. ರಸ್ತೇಲಿ ಸಿಕ್ಕಿದ್ರೆ ಆ ಕಡೆ ದಾಟ್ತಾರೆ. ಜನಕ್ಕೆ ನನ್ನ ಹೆದರಿಕೆ ಹೋಗ್ಬೇಕು. ಅದು ಹೋಗದೆ ನಾನು ಸಾಯಬಾರ್ದು. ಅದಕ್ಕೇ ನಿಂತೆ."

ಯಾರೂ ನಗಲಿಲ್ಲ. ಒಳಗೆ ಗುಂಡಿ ಹಚ್ಚುತ್ತಿದ್ದ ಟೈಲರನ ತಾಯಿ ತಲೆಯೆತ್ತದೆ ಕೇಳಿದಳು: "ನಿಮ್ಮಕ್ಕ ಹೋದ್ರಂತಲ್ಲ. ಈಗ ನಿಮ್ಮನ್ನ ಯಾರಪ್ಪಾ ವಿಚಾರಿಸ್ಕೊಳ್ತಾರೆ?"

ಕಳ್ಳರ ಕಣ್ಣಲ್ಲಿ ನೀರು ತರಿಸಿದವನು ಸ್ಟೂಲಿನ ಮೇಲೆ ಕೂತು ಅತ್ತ. ಮುದುಕಿ, "ಅಯ್ಯೋ, ಹೊಸ ಬಟ್ಟೆಗೆ ಒರೆಸ್ಕೋಬೇಡ, ಗಿರಾಕೀದು" ಎಂದು ಒಂದು ಚಿಂದಿ ಕೊಟ್ಟಳು.

೮

ಅಂದಿನಿಂದ ದಿನಾ ಸಂಜೆ ಒಂದೊಂದು ಬೀದಿಯಲ್ಲಿ ಆ ಸ್ಟೂಲು. ಅವನು ಕೂರುವುದು, ಜನ ಕೇಳುವುದು. ಚರಂಡಿ ಯಾಕೆ ಕಟ್ಟಿತು, ನನ್ನ ಮಗನನ್ನು ಅಂದು ಯಾಕೆ ಹೊಡೆದಿರಿ, ನಲ್ಲಿ ಯಾವಾಗ ಬರುತ್ತದೆ. ಗೊತ್ತಿದ್ದರೆ ಹೇಳಿದ. ಗೊತ್ತಿಲ್ಲದಿದ್ದರೆ ಗೊತ್ತಿಲ್ಲ ಎಂದ. ಹೊಡೆದದ್ದಕ್ಕೆ, ಆ ತಂದೆಯ ಮುಂದೆ ಎದ್ದು ನಿಂತು ತಪ್ಪಾಯಿತೆಂದ. ಸ್ಕೂಟರಿನ ಹೆಂಗಸು ಬಂದು, "ಕಟ್ಟಿಸ್ದೆ ಸಾರ್ ಇನ್ಶೂರೆನ್ಸು" ಎಂದು ತೋರಿಸಿದಳು.

ಗೆದ್ದ. ಕೂದಲೆಳೆಯ ಅಂತರದಲ್ಲಿ, ಆದರೆ ಗೆದ್ದ. ಗೆದ್ದ ಮೇಲೂ ಸ್ಟೂಲು ಬಿಡಲಿಲ್ಲ. ನಗರಸಭೆಯ ಉಳಿದ ಸದಸ್ಯರು ಅವನನ್ನು ಕಂಡರೆ ಗೊಣಗುತ್ತಾರೆ; ಅವರ ಬೀದಿಯವರೂ ಈಗ ಸ್ಟೂಲು ತಂದಿಟ್ಟು ಕಾಯುತ್ತಾರಂತೆ.

ಇಲ್ಲಿ ಮುಗಿಸಬಹುದಿತ್ತು. ಆದರೆ ನಾಮಪತ್ರ ಹಿಂದಕ್ಕೆ ತಗೊಳ್ಳಿ ಎಂದ ಅದೇ ಕಾರ್ಯದರ್ಶಿ ಈಗ, "ಶಾಸಕರ ಸ್ಥಾನಕ್ಕೆ ನಿಮಗೇ ಟಿಕೆಟ್, ಸಾಹೇಬ್ರೇ" ಎಂದು ಮನೆಗೆ ಬಂದಿದ್ದಾನೆ.

೯ (ಕೊನೆಗಳು)

ಅ) ಶಾಸಕನಾದ. ರಾಜಧಾನಿಯಲ್ಲಿ ಸ್ಟೂಲು ಇಡಲು ಜಾಗ ಕೊಡಲಿಲ್ಲ. ಮರೆತ. "ನಾನು ಮರೆಯೋನಾ, ಭಾವ?" ಸರಿ, ಹೊಡೆದು ಹಾಕಿದೆ.

ಆ) ಸೋತ. ಮೊದಲಿಗಿಂತ ಸುಖವಾಗಿದ್ದ. "ಇದು ಸೋತೋರಿಗೆ ಹೇಳೋ ಸಮಾಧಾನ." ಅದೂ ನಿಜ.

ಇ) ನಿಲ್ಲಲೇ ಇಲ್ಲ. "ನಿಲ್ತೀನಿ. ಕ್ಷೇತ್ರ ದೊಡ್ಡದು, ಹೆದರಿಕೆಯೂ ದೊಡ್ಡದು. ಮೊದಲನೇ ಮನೆ ನಿಮ್ದೇ. ಕೇಳಿ ಭಾವ, ಏನು ಬೇಕಾದ್ರೂ ಕೇಳಿ."

ಎದುರಿನ ಕುರ್ಚಿಯಲ್ಲಿ ಕೂತಿದ್ದಾನೆ. ಬೆನ್ನು ಸ್ವಲ್ಪ ಬಾಗಿದೆ. ರಸ್ತೆ, ನೀರು, ಶಾಲೆ, ಕೇಳಬೇಕಾದ್ದು ಬೇಕಾದಷ್ಟಿದೆ. ಆದರೆ ನನಗಿರುವುದು ಒಂದೇ ಪ್ರಶ್ನೆ. ಅವಳ ಕೊನೆಯ ಗಳಿಗೆಯಲ್ಲಿ ನಾನು ಔಷಧಿ ತರಲು ಆಸ್ಪತ್ರೆಯ ಕೆಳಮಹಡಿಗೆ ಹೋಗಿದ್ದೆ. ಪಕ್ಕದಲ್ಲಿದ್ದವನು ಅವನು. ಈವರೆಗೆ ಕೇಳುವ ಧೈರ್ಯ ನನಗಿರಲಿಲ್ಲ, ಕೇಳದೆ ಹೇಳುವ ಅಭ್ಯಾಸ ಅವನಿಗಿರಲಿಲ್ಲ.

"ಏನಂದಳು?" ಎಂದೆ.

ಗೆದ್ದನೋ ಸೋತನೋ ನಿಮಗೆ ಪತ್ರಿಕೆಯವರು ತಿಳಿಸುತ್ತಾರೆ. ನನ್ನನ್ನು ಕ್ಷಮಿಸಿ. ಅವನು ಹೇಳತೊಡಗಿದ್ದಾನೆ, ಮುಖದಲ್ಲಿ ನಗುವಿನಂಥದ್ದೇನೋ ಇದೆ. ಇದು ಬರೆದುಕೊಳ್ಳುತ್ತಾ ಕೇಳುವ ಮಾತಲ್ಲ. ಪೆನ್ನು ಕೆಳಗಿಡುತ್ತಿದ್ದೇ